ಡೆನ್‌ಹೋಮ್ ಎಲಿಯಟ್: ಕಾಲಾನುಕ್ರಮದ ಒಂದು ತಿದ್ದುಪಡಿ

ಬ್ರಿಟಿಷ್ ಪೋಷಕ ನಟ ಡೆನ್‌ಹೋಮ್ ಎಲಿಯಟ್ ಅರವತ್ತು ದಾಟಿದ ಮೇಲೆ ಅರಳಿದವರು ಎಂಬ ಮಾತು ವಿಮರ್ಶೆಯಲ್ಲಿ ರೂಢಿಯಾಗಿಬಿಟ್ಟಿದೆ. 'ಟ್ರೇಡಿಂಗ್ ಪ್ಲೇಸಸ್' (1983), 'ಎ ಪ್ರೈವೇಟ್ ಫಂಕ್ಷನ್' (1984), 'ಡಿಫೆನ್ಸ್ ಆಫ್ ದಿ ರೆಲ್ಮ್' (1985) ಚಿತ್ರಗಳಿಗೆ ಸತತ ಮೂರು ಸಲ ಬಂದ ಬಾಫ್ಟಾ ಪೋಷಕ ನಟ ಪ್ರಶಸ್ತಿಯೇ ಇದಕ್ಕೆ ಆಧಾರ. ಪ್ರಶಸ್ತಿಯ ಪಟ್ಟಿಯನ್ನೇ ಕಲೆಯ ಚರಿತ್ರೆಯೆಂದು ಓದುವ ಈ ಸೋಮಾರಿತನವನ್ನು ಒಪ್ಪಲಾಗದು.

ಈ ವಿಮರ್ಶಕರು ಕಡೆಗಣಿಸಿದ ಆಕರ ಡೆನ್ನಿಸ್ ಪಾಟರ್ ಬರೆದ ಟೆಲಿವಿಷನ್ ನಾಟಕ 'ಬ್ರಿಮ್‌ಸ್ಟೋನ್ ಅಂಡ್ ಟ್ರೀಕಲ್'. 1976ರಲ್ಲಿ ಅದು ಪ್ರಸಾರಕ್ಕೆ ಸಿದ್ಧವಾಗಿತ್ತು. ಬರವಣಿಗೆಯನ್ನೂ ತಯಾರಿಕೆಯನ್ನೂ ಮೆಚ್ಚಿಯೇ, ವಸ್ತು ಅಸಹ್ಯ ಹುಟ್ಟಿಸುತ್ತದೆಂದು ಬಿಬಿಸಿಯ ಅಲಸ್ಡೇರ್ ಮಿಲ್ನ್ ತಡೆದರು. ಜನ ಅದನ್ನು ನೋಡಿದ್ದು 1987ರಲ್ಲಿ. ಅಷ್ಟರೊಳಗೆ, 1982ರಲ್ಲಿ, ರಿಚರ್ಡ್ ಲೋನ್‌ಕ್ರೇನ್ ಅದನ್ನೇ ಸಿನಿಮಾ ಮಾಡಿದ್ದರು; ಬೇಟ್ಸ್ ಎಂಬ ತಂದೆಯ ಪಾತ್ರ ಅಲ್ಲಿಯೂ ಎಲಿಯಟ್‌ರದೇ. ಹೀಗೆ ಮೊದಲು ಮಾಡಿದ್ದು ಕೊನೆಗೆ ಕಂಡಿತು. ನೋಡಿದ ಕ್ರಮವನ್ನೇ ನಟಿಸಿದ ಕ್ರಮವೆಂದು ಬಗೆದಲ್ಲಿ ತಪ್ಪು ಶುರುವಾಯಿತು.

ನಾಟಕದ ಒಂದು ದೃಶ್ಯವನ್ನು ಗಮನಿಸಬೇಕು. ಬೇಟ್ಸ್ ವಲಸಿಗರ ವಿರೋಧಿಯಾದ ನ್ಯಾಷನಲ್ ಫ್ರಂಟ್ ಸೇರಿದ್ದಾನೆ. ಮನೆ ಹೊಕ್ಕ ಮಾರ್ಟಿನ್ (ಮೈಕೇಲ್ ಕಿಚನ್) ಅವನ ಮಾತನ್ನು ಉತ್ಸಾಹದಿಂದ ಬೆಳೆಸುತ್ತ ಹೋಗುತ್ತಾನೆ: ಹೊರಗಟ್ಟುವುದು, ಹಿಡಿದು ತರುವುದು, ಶಿಬಿರ, ಕೊಲೆ. ಬೇಟ್ಸ್ ಹಿಮ್ಮೆಟ್ಟುತ್ತಾನೆ, ತಾನು ಕೇಳಿದ್ದು ಹಳೆಯ ಇಂಗ್ಲೆಂಡನ್ನು ಮಾತ್ರ ಎನ್ನುತ್ತಾನೆ. ಇಲ್ಲಿ ಎಲಿಯಟ್ ದೃಶ್ಯವನ್ನು ಕಿತ್ತುಕೊಳ್ಳುವುದಿಲ್ಲ, ಕಿಚನ್‌ಗೆ ಬಿಟ್ಟುಕೊಟ್ಟು ಕೇಳಿಸಿಕೊಳ್ಳುತ್ತಾರೆ. ಬೇಟ್ಸ್‌ನನ್ನು ಖಳನಾಗಿಸಿದ್ದರೆ ಪ್ರೇಕ್ಷಕ ಪಾರಾಗುತ್ತಿದ್ದ, ಕೋಡಂಗಿಯಾಗಿಸಿದ್ದರೂ ಅಷ್ಟೆ. ತನ್ನ ಮಾತಿನ ಕೊನೆಯನ್ನು ಬೇರೆಯವನ ಬಾಯಲ್ಲಿ ಕೇಳಿ ಹೆದರುವ ಸಾಮಾನ್ಯ ಮನುಷ್ಯನನ್ನು ಅವರು ಕಟ್ಟಿದರು. 'ಡಿಫೆನ್ಸ್ ಆಫ್ ದಿ ರೆಲ್ಮ್'ನ ವೃದ್ಧ ಪತ್ರಕರ್ತನಲ್ಲಿ ಎಲ್ಲರೂ ಕೊಂಡಾಡಿದ್ದು ಈ ಒಳಗುದಿಯನ್ನೇ. ಅಕ್ಕಪಕ್ಕದವರ ಮೇಲಿನ ಗಮನವನ್ನೆಲ್ಲ ಕದಿಯುವ ನಟ ಎಂಬ ಬಿರುದು ಇಂಥ ಕೆಲಸಕ್ಕೆ ಹೊಂದುವುದಿಲ್ಲ.

ಒಂದೇ ಸಾಕ್ಷಿ ಸಾಲದೆನ್ನುವವರು 1976ರ ಡಿಸೆಂಬರ್‌ನಲ್ಲಿ ಪ್ರಸಾರವಾದ 'ದಿ ಸಿಗ್ನಲ್‌ಮ್ಯಾನ್' ನೋಡಲಿ. ಡಿಕನ್ಸ್ ಕಥೆಯನ್ನು ಲಾರೆನ್ಸ್ ಗಾರ್ಡನ್ ಕ್ಲಾರ್ಕ್ ನಿರ್ದೇಶಿಸಿದ್ದರು. ಹೆಚ್ಚುಕಡಿಮೆ ಇಬ್ಬರೇ ಹೊತ್ತ ಚಿತ್ರ. ದೆವ್ವಕ್ಕಿಂತ ಹೆಚ್ಚಾಗಿ ಕಾಡುವುದು ಕರ್ತವ್ಯನಿಷ್ಠ ನೌಕರನ ಅಸಹಾಯಕತೆ.

'ಆಲ್ಫಿ' (1966) ಚಿತ್ರದ ಗರ್ಭಪಾತ ಮಾಡುವವನ ಪುಟ್ಟ ಪಾತ್ರದಲ್ಲೇ ಇದೆಲ್ಲ ಇತ್ತು ಎಂದು ಯಾರಾದರೂ ವಾದಿಸಬಹುದು. ಬೀಜ ಇತ್ತು, ಒಪ್ಪುತ್ತೇನೆ. ಆದರೆ ಒಂದು ದೃಶ್ಯದ ಬಿಗಿಯನ್ನು ಇಡೀ ನಾಟಕದುದ್ದಕ್ಕೂ ಹಿಡಿದಿಟ್ಟದ್ದು 1976ರಲ್ಲಿ, ಅದೂ ಟೆಲಿವಿಷನ್‌ನಲ್ಲಿ.

ಪ್ರಶಸ್ತಿಯೇ ಪ್ರಮಾಣವೆಂದು ಹಟ ಹಿಡಿಯುವವರಿಗೂ ಉತ್ತರವಿದೆ. ಆ ಮೂರು ಸಿನಿಮಾ ಪ್ರಶಸ್ತಿಗಳಿಗೆ ಮುಂಚೆಯೇ, 1981ರಲ್ಲಿ, ಬಾಫ್ಟಾ ಎಲಿಯಟ್‌ರಿಗೆ ಟೆಲಿವಿಷನ್ ಅಭಿನಯಕ್ಕಾಗಿ ಪ್ರಶಸ್ತಿ ಕೊಟ್ಟಿತ್ತು. ಅದು ಪೋಷಕ ನಟ ಪ್ರಶಸ್ತಿಯಲ್ಲ, ಅತ್ಯುತ್ತಮ ನಟ ಪ್ರಶಸ್ತಿ.