ತಾಸ್ಕೊ: ಗಣಿಯ ಊರೋ, ಕಸುಬಿನ ಊರೋ?

ಮೆಕ್ಸಿಕೋದ ಗೆರೆರೊ ರಾಜ್ಯದ ತಾಸ್ಕೊವನ್ನು ಎಲ್ಲರೂ ಕರೆಯುವುದು ಬೆಳ್ಳಿಯ ಊರೆಂದು. ಬೆಟ್ಟ ಅಗೆದರು, ಬೆಳ್ಳಿ ಸಿಕ್ಕಿತು, ಊರು ಬೆಳೆಯಿತು ಎಂಬ ಸರಳ ಕಥೆ ಆ ಹೆಸರಿನ ಹಿಂದಿದೆ. ಊರು ನಡೆದುಬಂದ ದಾರಿಯನ್ನು ಇಸವಿಗಳ ಸಮೇತ ನೋಡಿದರೆ ಈ ಕಥೆ ಅರ್ಧಕ್ಕೇ ನಿಲ್ಲುತ್ತದೆ. ಅದಿರು ಈ ಊರನ್ನು ಹುಟ್ಟಿಸಿತು, ನಿಜ. ಆದರೆ ಮತ್ತೆ ಮತ್ತೆ ಇದರ ಕೈಬಿಟ್ಟದ್ದೂ ಅದೇ ಅದಿರು. ತಾಸ್ಕೊ ಇಂದಿಗೂ ಬದುಕಿರುವುದು ಅಕ್ಕಸಾಲಿಗರಿಂದ ಎಂಬುದು ನನ್ನ ವಾದ.

ಮೊದಲು ನೆಲವನ್ನೇ ನೋಡೋಣ. ಮೆಕ್ಸಿಕೋ ಸಿಟಿಯಿಂದ ನೈಋತ್ಯಕ್ಕೆ ಸುಮಾರು 170 ಕಿ.ಮೀ. ದೂರ, ಸಮುದ್ರಮಟ್ಟದಿಂದ 1,700 ಮೀಟರಿಗೂ ಮೇಲೆ, ಅತಾಚಿ ಬೆಟ್ಟದ ಇಳಿಜಾರಿಗೆ ಈ ಊರು ಅಂಟಿಕೊಂಡಿದೆ. ಸುಣ್ಣ ಬಳಿದ ಗೋಡೆಗಳು, ಕೆಂಪು ಹೆಂಚು, ಎರಡು ಕಾರು ಎದುರಾದರೆ ಒಂದು ಹಿಂದೆ ಸರಿಯಬೇಕಾದ ಕಡಿದಾದ ಓಣಿಗಳು. ಬಿದ್ದ ಮಳೆ ನಿಲ್ಲದೆ ಇಳಿದುಹೋಗುವುದರಿಂದ ಬೇಸಿಗೆಯಲ್ಲಿ ನೀರಿಗೆ ತತ್ವಾರ. ಬೇಸಾಯ ನೆಚ್ಚಿಕೊಂಡವರು ಇಲ್ಲಿ ಊರು ಕಟ್ಟುವ ಮಾತೇ ಇರಲಿಲ್ಲ. ಸ್ಪೇನಿನವರು ಬರುವ ಮೊದಲಿದ್ದ ಊರು ಇನ್ನೂ ದಕ್ಷಿಣಕ್ಕಿತ್ತು. ನಾವಾತ್ಲ್ ಭಾಷೆಯಲ್ಲಿ ಅದರ ಹೆಸರು ತ್ಲಾಚ್ಕೊ, ಅಂದರೆ ಚೆಂಡಾಟದ ಅಂಕಣವಿರುವ ಜಾಗ. ಫಿರಂಗಿ ಎರಕ ಹೊಯ್ಯಲು ತವರ ಹುಡುಕುತ್ತಿದ್ದ ಸ್ಪೇನಿನ ದಂಡನಾಯಕ ಎರ್ನಾನ್ ಕೋರ್ತೇಸ್, ಈ ಸೀಮೆಯ ಜನ ತವರದ ತುಂಡುಗಳನ್ನು ನಾಣ್ಯದಂತೆ ಬಳಸುತ್ತಾರೆಂದು 1524ರಲ್ಲಿ ತನ್ನ ದೊರೆಗೆ ಬರೆದ. ತವರ ಅರಸಿ ಬಂದವರಿಗೆ ಬೆಳ್ಳಿ ಸಿಕ್ಕಿತು. ಊರು ಬೆಟ್ಟ ಹತ್ತಿತು.

ಅದಿರಿನ ಪರ ವಾದಿಸುವವರು ಸಾಂತಾ ಪ್ರಿಸ್ಕಾ ಚರ್ಚನ್ನು ತೋರಿಸುತ್ತಾರೆ. 1716ರಲ್ಲಿ ಇಲ್ಲಿಗೆ ಬಂದ ಹೋಸೆ ದೆ ಲಾ ಬೋರ್ದಾ, ಗಣಿಯಿಂದ ಬಂದ ಹಣದಲ್ಲಿ 1751ರಿಂದ 1758ರವರೆಗೆ ಅದನ್ನು ಕಟ್ಟಿಸಿದ. ಇಕ್ಕಟ್ಟಾದ ಜಾಗದಲ್ಲಿ ನೇರ ಮೇಲೆದ್ದ ಗುಲಾಬಿ ಬಣ್ಣದ ಜೋಡಿ ಗೋಪುರಗಳು, ಒಳಗೆ ಚಿನ್ನದ ರೇಕು ಹೊದ್ದ ಪೀಠಗಳು: ಅಮೆರಿಕ ಖಂಡದಲ್ಲಿ ಇಂಥ ಕಟ್ಟಡ ಅಪರೂಪ. ದೇವರು ಬೋರ್ದಾನಿಗೆ ಕೊಟ್ಟ, ಬೋರ್ದಾ ದೇವರಿಗೆ ಕೊಟ್ಟ ಎಂಬ ಮಾತು ಇಂದಿಗೂ ಚಾಲ್ತಿಯಲ್ಲಿದೆ. ಆ ಮಾತು ಹೇಳದ ಮುಂದಿನ ಸಂಗತಿಯೇ ನನಗೆ ಮುಖ್ಯ. ಅದಿರು ಬತ್ತಿ ಕೈ ಬರಿದಾದಾಗ ಬೋರ್ದಾ ಹೊಸ ಗಣಿ ಅರಸಿ ಉತ್ತರದ ಸಕಾತೇಕಾಸಿಗೆ ಹೋದ. 1778ರಲ್ಲಿ ತೀರಿಕೊಂಡದ್ದು ಕುವೆರ್ನವಾಕಾದಲ್ಲಿ. ಊರಿನ ದೊಡ್ಡ ಸಾಹುಕಾರನನ್ನೇ ಇಲ್ಲಿ ಉಳಿಸಿಕೊಳ್ಳಲು ಬೆಳ್ಳಿಗೆ ಆಗಲಿಲ್ಲ. ಆಮೇಲಿನ ದೀರ್ಘ ಬಡತನದಲ್ಲಿ ಹಳೆಯ ಮನೆ ಕೆಡವಿ ಹೊಸದು ಕಟ್ಟಲು ಯಾರ ಬಳಿಯೂ ಹಣವಿರಲಿಲ್ಲ. ಇಂದು ಪ್ರವಾಸಿಗರು ಮೆಚ್ಚುವ ಹಳೆಯ ಚೆಲುವು ಉಳಿದದ್ದಕ್ಕೆ ಆ ಬಡತನವೂ ಒಂದು ಕಾರಣ.

ಎರಡನೆಯ ಆಕ್ಷೇಪಣೆ ಇನ್ನೂ ಗಟ್ಟಿಯಾದದ್ದು. ಈ ಕಸುಬೂ ಊರಿನದಲ್ಲ, ಅಮೆರಿಕದ ವಿಲಿಯಂ ಸ್ಪ್ರ್ಯಾಟ್ಲಿಂಗ್ ತಂದುಕೊಟ್ಟದ್ದು ಎನ್ನುತ್ತಾರೆ. ರಾಜಧಾನಿಯಿಂದ ಮೋಟಾರು ರಸ್ತೆ ಬಂದ ಹೊಸದರಲ್ಲಿ, 1929ರಲ್ಲಿ, ನೆಲೆಸಲು ಬಂದ ಆತ 1931ರಲ್ಲಿ ಕಾರ್ಯಾಗಾರ ತೆರೆದ. ಸ್ಪೇನಿನವರಿಗಿಂತ ಹಿಂದಿನ ಸ್ಥಳೀಯ ಚಿತ್ತಾರಗಳನ್ನು ಬೆಳ್ಳಿಗೆ ಇಳಿಸಿದ. ಅವನ ಪಾಲನ್ನು ನಾನು ಕಡಿಮೆ ಮಾಡುವುದಿಲ್ಲ. ಆದರೆ ಶುರುವಿಗೆ ಬೇಕಾದ ಕೈಚಳಕ ಬಂದದ್ದು ನೆರೆಯ ಇಗುವಾಲಾದ ಅಕ್ಕಸಾಲಿಗರಿಂದ. ಎರಡನೆಯ ಮಹಾಯುದ್ಧದಲ್ಲಿ ಯುರೋಪಿನ ಒಡವೆಗಳು ಅಮೆರಿಕಕ್ಕೆ ಬರುವುದು ನಿಂತಾಗ ಆ ಕಾರ್ಯಾಗಾರದಲ್ಲಿ ನೂರಾರು ಜನ ದುಡಿದರು. ಯುದ್ಧ ಮುಗಿಯುತ್ತಿದ್ದಂತೆ ಅವನ ಕಂಪನಿ ಕುಸಿಯಿತು. ಕಸುಬು ಅವನೊಬ್ಬನದೇ ಆಗಿದ್ದರೆ ಅಲ್ಲಿಗೆ ಮುಗಿಯಬೇಕಿತ್ತು. ಮುಗಿಯಲಿಲ್ಲ. ಅವನಲ್ಲಿ ಕೆಲಸ ಕಲಿತ ಕಾಸ್ತಿಯೊ ಸೋದರರು, ಅಂತೋನಿಯೊ ಪಿನೇದಾ ಮೊದಲಾದವರು ಸ್ವಂತ ಕಾರ್ಯಾಗಾರಗಳನ್ನು ನಡೆಸಿದರು. ಅವರಲ್ಲಿ ಕಲಿತವರು ಇನ್ನಷ್ಟು ತೆರೆದರು.

ಇದಕ್ಕಿಂತ ನೇರವಾದ ಸಾಕ್ಷಿ 2007ರದು. ಆ ಜುಲೈನಲ್ಲಿ ಗಣಿ ಕಾರ್ಮಿಕರು ಮುಷ್ಕರ ಹೂಡಿದರು, ಗಣಿಯ ಕೆಲಸ ನಿಂತಿತು. ಗಣಿಯನ್ನು ನಂಬಿದ್ದ ಮನೆಗಳಿಗೆ ಅದು ದೊಡ್ಡ ಪೆಟ್ಟು, ಅದನ್ನು ಮರೆಯುವಂತಿಲ್ಲ. ಆದರೆ ಅಕ್ಕಸಾಲಿಗರ ಸುತ್ತಿಗೆ ನಿಲ್ಲಲಿಲ್ಲ; ಬೆಳ್ಳಿಯನ್ನು ಹೊರಗಿನಿಂದ ತರಿಸಿಕೊಂಡರು. ಪ್ರತಿ ಶನಿವಾರದ ಬೆಳ್ಳಿ ಸಂತೆಯಲ್ಲಿ ಬೀದಿಯುದ್ದಕ್ಕೂ ಹರಡಿಟ್ಟ ಉಂಗುರ, ಬಳೆ, ಸರಗಳನ್ನು ಕೊಳ್ಳಲು ಸಗಟು ವ್ಯಾಪಾರಿಗಳು ಈಗಲೂ ಬೆಳಗಾಗುತ್ತಲೇ ಬೆಟ್ಟ ಹತ್ತಿ ಬರುತ್ತಾರೆ.