ಯಿಡ್ಡಿಷ್ ಚಲನಚಿತ್ರ: ಮಾತು ಮತ್ತು ಮರಣ

ಪೂರ್ವ ಯೂರೋಪಿನ ಯೆಹೂದ್ಯರ ಮನೆಮಾತಾದ ಯಿಡ್ಡಿಷ್ ಜರ್ಮನ್ ಮೂಲದ ನುಡಿ. ಹೀಬ್ರೂ, ಸ್ಲಾವಿಕ್ ಪದಗಳನ್ನು ಧಾರಾಳವಾಗಿ ಬೆರೆಸಿಕೊಂಡು ಹೀಬ್ರೂ ಲಿಪಿಯಲ್ಲಿ ಬರೆಯಲ್ಪಡುವಂಥದು. ಧರ್ಮಗ್ರಂಥಗಳ ಹೀಬ್ರೂವಿಗೆ ಸಲ್ಲುತ್ತಿದ್ದ ಗೌರವವು ಅದಕ್ಕೆ ದೊರೆಯಲಿಲ್ಲ. ಆದರೂ ವಾರ್ಸಾದಿಂದ ನ್ಯೂಯಾರ್ಕಿನವರೆಗೆ ಅದು ತನ್ನದೇ ರಂಗಭೂಮಿಯನ್ನು ಕಟ್ಟಿಕೊಂಡಿತು. ಯಿಡ್ಡಿಷ್ ಚಲನಚಿತ್ರವು ಬೆಳೆದುದು ಆ ರಂಗಭೂಮಿಯ ಆಸರೆಯಲ್ಲಿ.

1923ರಲ್ಲಿ ವಿಯೆನ್ನಾದಲ್ಲಿಯೂ 1925ರಲ್ಲಿ ಮಾಸ್ಕೋದಲ್ಲಿಯೂ ಮೂಕಚಿತ್ರಗಳು ತಯಾರಾದವು. ಆದರೆ ನುಡಿಯೇ ಜೀವಾಳವಾದ ಈ ಕಲೆಗೆ ನಿಜವಾದ ಬಲ ಬಂದುದು ವಾಕ್ಚಿತ್ರದಿಂದ. 1936ರಲ್ಲಿ ಜೋಸೆಫ್ ಗ್ರೀನ್ ಅಮೆರಿಕದ ನಟಿ ಮಾಲಿ ಪಿಕಾನ್‌ಳನ್ನು ಪೋಲೆಂಡಿಗೆ ಕರೆತಂದು, ಗಂಡುವೇಷದಲ್ಲಿ ಪಿಟೀಲು ನುಡಿಸುತ್ತ ಊರೂರು ಅಲೆಯುವ ಹುಡುಗಿಯ ಕಥೆಯನ್ನು ತೆರೆಗೆ ತಂದನು.

ಇವುಗಳಿಗೆಲ್ಲ ಕಿರೀಟಪ್ರಾಯವಾದುದು 1937ರ ‘ಡಿಬ್ಬುಕ್’. ನಿರ್ದೇಶಕ ಮಿಖಾವ್ ವಾಶಿನ್ಸ್ಕಿ. ಮೂಲ ನಾಟಕದ ಕರ್ತೃ ಆನ್‌ಸ್ಕಿ 1912ರಿಂದ 1914ರವರೆಗೆ ಹಳ್ಳಿಪಟ್ಟಣಗಳನ್ನು ಸುತ್ತಿ ಯೆಹೂದ್ಯರ ಕಥೆ, ಹಾಡು, ನಂಬಿಕೆಗಳನ್ನು ಸಂಗ್ರಹಿಸಿದ್ದನು. ಇಬ್ಬರು ಗೆಳೆಯರು, ಇನ್ನೂ ಹುಟ್ಟದ ತಮ್ಮ ಮಕ್ಕಳಿಗೆ ಪರಸ್ಪರ ವಿವಾಹವೆಂದು ಮಾತು ಕೊಡುತ್ತಾರೆ. ಒಬ್ಬನು ಅಕಾಲದಲ್ಲಿ ಸಾಯುತ್ತಾನೆ. ಉಳಿದವನು ಶ್ರೀಮಂತನಾಗಿ ಮಗಳಿಗೆ ಧನಿಕ ವರನನ್ನು ಹುಡುಕುತ್ತಾನೆ. ಸುದ್ದಿ ಕೇಳಿ ಪ್ರಾಣಬಿಟ್ಟ ಬಡ ವಿದ್ಯಾರ್ಥಿಯ ಆತ್ಮವು ಮದುವೆಯ ದಿನವೇ ವಧುವಿನ ದೇಹವನ್ನು ಹೊಕ್ಕುಬಿಡುತ್ತದೆ. ಮೃತ ಗೆಳೆಯನನ್ನೂ ಧರ್ಮಸಭೆಗೆ ಕರೆಸಿ ವಿಚಾರಣೆ ನಡೆಯುತ್ತದೆ. ನಾಟಕದಲ್ಲಿ ತಡವಾಗಿ ಬಯಲಾಗುವ ಆ ವಚನವನ್ನು ಚಿತ್ರವು ಮೊದಲಿಗೇ ತೋರಿಸುವುದರಿಂದ, ಪ್ರೇಕ್ಷಕನು ಪ್ರೇತಕ್ಕೆ ಅಂಜುವುದಕ್ಕಿಂತ ವಚನಭಂಗದ ಪಾಪವನ್ನೇ ಎಣಿಸುತ್ತ ಕುಳಿತಿರುತ್ತಾನೆ. ಇಂದಿನ ಕಣ್ಣಿಗೆ ಚಿತ್ರದ ಗತಿ ಮಂದವೆನ್ನಿಸಬಹುದು, ಅಭಿನಯವಂತೂ ರಂಗಶೈಲಿಯದೇ. ಆದರೆ ಸ್ಮಶಾನದ ಮೌನವನ್ನೂ ಪ್ರಾರ್ಥನಾಲಯದ ಗಾಯನವನ್ನೂ ಇಷ್ಟು ಗಂಭೀರವಾಗಿ ಹಿಡಿದ ಚಿತ್ರಗಳು ವಿರಳ.

ಎರಡು ವರ್ಷಗಳಲ್ಲಿ ನಾಜಿ ಸೈನ್ಯವು ಪೋಲೆಂಡನ್ನು ಆಕ್ರಮಿಸಿತು. ಹತರಾದ ಸುಮಾರು 60 ಲಕ್ಷ ಯೆಹೂದ್ಯರಲ್ಲಿ ಬಹುಪಾಲು ಜನ ಯಿಡ್ಡಿಷ್ ಆಡುವವರೇ. ಕಥೆಗೆಂದು ತೆಗೆದ ಚಿತ್ರಗಳು ಹೀಗೆ ಅಳಿದುಹೋದ ಬದುಕಿನ ದಾಖಲೆಗಳಾದವು. 1976ರಲ್ಲಿ ಅಮೆರಿಕದ ಬ್ರಾಂಡೈಸ್ ವಿಶ್ವವಿದ್ಯಾಲಯದಲ್ಲಿ ಆರಂಭವಾದ ಯೆಹೂದ್ಯ ಚಲನಚಿತ್ರ ಕೇಂದ್ರವು ಸವೆದ ಸುರುಳಿಗಳನ್ನು ಹುಡುಕಿ ತಂದು ದುರಸ್ತಿ ಮಾಡಿಸಿತು.

ವಾರ್ಸಾದ ಸಮೀಪದಲ್ಲಿ ಕ್ಷಯದ ಅಪಾಯವಿದ್ದ ಬಡ ಯೆಹೂದ್ಯ ಮಕ್ಕಳಿಗಾಗಿ ಮೇದೆಮ್ ಆರೋಗ್ಯಧಾಮವಿತ್ತು. ಅದರ ಸಹಾಯಾರ್ಥವಾಗಿ ಅಲೆಕ್ಸಾಂಡರ್ ಫೋರ್ಡ್ 1936ರಲ್ಲಿ ‘ನಾವು ಬರುತ್ತಿದ್ದೇವೆ’ ಎಂಬರ್ಥದ ಹೆಸರಿನ ಚಿತ್ರವನ್ನು ತೆಗೆದನು. ಮಕ್ಕಳು ಅದರಲ್ಲಿ ಆಡುತ್ತಾರೆ, ಕಲಿಯುತ್ತಾರೆ, ಹಾಡುತ್ತ ಸಾಲಾಗಿ ನಡೆಯುತ್ತಾರೆ. ಪೋಲೆಂಡಿನ ಸರ್ಕಾರ ಚಿತ್ರವನ್ನು ನಿಷೇಧಿಸಿತು. 1942ರ ಆಗಸ್ಟಿನಲ್ಲಿ ಆ ಧಾಮದಲ್ಲಿದ್ದ ಮಕ್ಕಳನ್ನೂ ಅವರನ್ನು ಬಿಟ್ಟುಹೋಗಲೊಪ್ಪದ ಶಿಕ್ಷಕರನ್ನೂ ಟ್ರೆಬ್ಲಿಂಕಾಕ್ಕೆ ಸಾಗಿಸಲಾಯಿತು.