ಆರ್ಟಿಸ್ಟ್ಸ್ ರೈಫಲ್ಸ್

ಆರ್ಟಿಸ್ಟ್ಸ್ ರೈಫಲ್ಸ್: ಲಂಡನ್ನಿನಲ್ಲಿ ಕಲಾವಿದರು ಕಟ್ಟಿದ ಸ್ವಯಂಸೇವಕ ಪದಾತಿ ರೆಜಿಮೆಂಟು. ಫ್ರಾನ್ಸಿನ ಚಕ್ರವರ್ತಿ ಮೂರನೆಯ ನೆಪೋಲಿಯನ್ ದಂಡೆತ್ತಿ ಬರಬಹುದೆಂಬ ಭೀತಿ ಬ್ರಿಟನ್ನಿನಲ್ಲಿ ಹಬ್ಬಿದ್ದಾಗ, 1859ರಲ್ಲಿ ಕಲಾವಿದ್ಯಾರ್ಥಿ ಎಡ್ವರ್ಡ್ ಸ್ಟರ್ಲಿಂಗ್ ಇದರ ಸ್ಥಾಪನೆಗೆ ಮುಂದಾದ. 1860ರಲ್ಲಿ 38ನೆಯ ಮಿಡ್ಲ್‌ಸೆಕ್ಸ್ ರೈಫಲ್ ಸ್ವಯಂಸೇವಕ ದಳವೆಂಬ ಹೆಸರಿನಿಂದ ವಿಧ್ಯುಕ್ತವಾಗಿ ರಚನೆಯಾಯಿತು. ಚಿತ್ರಕಾರರು, ಶಿಲ್ಪಿಗಳು, ಸಂಗೀತಗಾರರು, ನಟರು ವೃತ್ತಿ ಬಿಡದೆ ಬಿಡುವಿನ ವೇಳೆಯಲ್ಲಿ ಕವಾಯತು ಮಾಡುತ್ತಿದ್ದರು. ಚಿತ್ರಕಾರರಾದ ಮಿಲೇ, ರೊಸೆಟ್ಟಿ, ವಿನ್ಯಾಸಕಾರ ವಿಲಿಯಂ ಮಾರಿಸ್ ಆರಂಭದ ಸದಸ್ಯರಲ್ಲಿ ಸೇರಿದ್ದರು. ಚಿತ್ರಕಾರ ಫ್ರೆಡರಿಕ್ ಲೇಟನ್ ಅನೇಕ ವರ್ಷ ಇದರ ಮುಖ್ಯಾಧಿಕಾರಿಯಾಗಿದ್ದ. ರೋಮನ್ ಯುದ್ಧದೇವತೆ ಮಾರ್ಸ್ ಮತ್ತು ಕಲೆಗಳ ಅಧಿದೇವತೆ ಮಿನರ್ವಾ ಇವರ ಮುಖಗಳು ಇದರ ಲಾಂಛನ.

1908ರಲ್ಲಿ ಬ್ರಿಟನ್ನಿನ ಸ್ವಯಂಸೇವಕ ದಳಗಳನ್ನು ಒಗ್ಗೂಡಿಸಿದ ಟೆರಿಟೋರಿಯಲ್ ಪಡೆ ರೂಪುಗೊಂಡಾಗ ಇದು ಲಂಡನ್ ರೆಜಿಮೆಂಟಿನ 28ನೆಯ ಬೆಟಾಲಿಯನ್ ಆಯಿತು. ಮೊದಲನೆಯ ಮಹಾಯುದ್ಧದಲ್ಲಿ ಇದರ ನಿಜವಾದ ಕೊಡುಗೆ ಅಧಿಕಾರಿಗಳ ತರಬೇತಿ: 10,000ಕ್ಕೂ ಹೆಚ್ಚು ಮಂದಿ ಇಲ್ಲಿಂದ ಅಧಿಕಾರಿಗಳಾಗಿ ಹೊರಬಂದರು. ಕವಿಗಳಾದ ವಿಲ್ಫ್ರೆಡ್ ಓವೆನ್, ಎಡ್ವರ್ಡ್ ಥಾಮಸ್ ಇಲ್ಲಿಯೇ ಸೇರಿದವರು. ಬೆಟಾಲಿಯನ್ ರಣರಂಗಕ್ಕೂ ಇಳಿಯಿತು. 1917ರ ಡಿಸೆಂಬರ್ 30ರಂದು ಫ್ರಾನ್ಸಿನ ಮಾರ್ಕ್ವಾನ್ ಬಳಿ ಹಿಮ ಕವಿದ ಕಂದಕದಿಂದ ಮೇಲೆದ್ದು ನುಗ್ಗಿದ 80 ಮಂದಿಯಲ್ಲಿ 68 ಮಂದಿ ಕೆಲವೇ ನಿಮಿಷಗಳಲ್ಲಿ ಸತ್ತರು ಅಥವಾ ಗಾಯಗೊಂಡರು. ಪಾರಾದವರಲ್ಲೊಬ್ಬನಾದ ಚಿತ್ರಕಾರ ಜಾನ್ ನ್ಯಾಶ್ ಆ ದೃಶ್ಯವನ್ನು 1918ರಲ್ಲಿ ‘ಓವರ್ ದ ಟಾಪ್’ ಎಂಬ ತೈಲಚಿತ್ರವಾಗಿಸಿದ.

ಎರಡನೆಯ ಮಹಾಯುದ್ಧದಲ್ಲಿಯೂ ಇದು ಅಧಿಕಾರಿಗಳ ತರಬೇತಿ ಘಟಕವಾಗಿತ್ತು. 1947ರಲ್ಲಿ ಬ್ರಿಟಿಷ್ ಸೇನೆಯ ವಿಶೇಷ ವಾಯುಸೇವಾ ಪಡೆಯ (ಎಸ್‌ಎಎಸ್) 21ನೆಯ ರೆಜಿಮೆಂಟಾಗಿ ಮರುರೂಪ ಪಡೆಯಿತು.